ಬದುವಿನ ತಂಗಡಿ ಗಿಡ

ಹೊಸದಾಗಿ ದ್ರಾಕ್ಷಿ ಹಚ್ಚಲು ಐಗಳಿಯ ಧರೆಪ್ಪ ಹೊಲದ ಬದುಗಳನ್ನು ಸಪಾಟು ಮಾಡಿಸುತ್ತಿದ್ದ. ಜೇಸಿಬಿ ಜಾಲಿ, ಕಳ್ಳಿ ಎಲ್ಲವನ್ನೂ ಕಿತ್ತುಹಾಕಿ ಮೂಲೆಯ ತಂಗಡಿ ಗಿಡದ ಹತ್ತಿರ ಬಂತು. ಎದೆಮಟ್ಟ ಬೆಳೆದ ಗಿಡದ ತುಂಬ ಹಳದಿ ಹೂ. ಅದರ ಮುಂದೆ ಅವನ ಹೆಂಡತಿ ಗಿರಿಜವ್ವ ಕುಳಿತುಬಿಟ್ಟಿದ್ದಳು.

"ಏಳ, ಮ್ಯಾಲ ಮಣ್ಣ ಬೀಳತೈತಿ," ಎಂದ ಧರೆಪ್ಪ.

"ಇದೊಂದ ಬಿಡ್ರಿ."

"ತಂಗಡಿಗಿಡ! ಆಡ ಸೈತ ಬಾಯಿ ಹಚ್ಚಂಗಿಲ್ಲ ಇದಕ್ಕ. ಯಾಕ ಬೇಕು?"

ನಾಲ್ಕು ಜನರ ಮುಂದೆ ಗಂಡನಿಗೆ ಎಂದೂ ಎದುರಾಡಿದವಳಲ್ಲ ಗಿರಿಜವ್ವ. ಈಗಲೂ ತಲೆ ಎತ್ತಲಿಲ್ಲ.

"ನಮ್ಮ ಮೊದಲನೇ ಕೂಸು ಇಲ್ಲೇ ಐತ್ರಿ."

ಧರೆಪ್ಪ ಕೈಯೆತ್ತಿ ಜೇಸಿಬಿ ಬಂದ್ ಮಾಡಿಸಿದ. ಆ ಕೂಸಿಗೆ ಹುಟ್ಟುವಾಗಲೇ ಉಸಿರಿರಲಿಲ್ಲ. ಅವನು ಆಗ ಒಣದ್ರಾಕ್ಷಿ ಮಾರಲು ಸಾಂಗ್ಲಿಗೆ ಹೋಗಿದ್ದ. ಬರುವಷ್ಟರಲ್ಲಿ ತಾಯಿ ತುಳಸವ್ವ ಎಲ್ಲ ಮುಗಿಸಿದ್ದಳು. ಎಲ್ಲಿ ಹೂಳಿದಿರಿ ಎಂದು ಅವನು ಕೇಳಲಿಲ್ಲ. ಯಾರೂ ಹೇಳಲೂ ಇಲ್ಲ.

"ಗಂಡಿತ್ತೋ, ಹೆಣ್ಣಿತ್ತೋ?" ಎಂದು ಈಗ ಕೇಳಿದ.

"ಹೆಣ್ರಿ."

ಆಳುಗಳಿಗೆ ಚಹಾ ತಂದಿದ್ದ ಸೊಸೆ ದೀಪಾಲಿ ಅಲ್ಲೇ ನಿಂತು ಕೇಳಿಸಿಕೊಂಡಳು. ಹೋದ ತಿಂಗಳಷ್ಟೇ ಅವಳ ಏಳು ತಿಂಗಳ ಬಸಿರು ಹೋಗಿತ್ತು. ಆಸ್ಪತ್ರೆಯಿಂದ ಬಂದಾಗಿನಿಂದ ಮನೆಗೆ ಬಂದವರೆಲ್ಲ "ಮರತಬಿಡು" ಅಂದವರೇ. ಅವಳು ಅತ್ತೆಯ ಮಗ್ಗುಲಿಗೆ ಬಂದು ಕುಳಿತಳು.

"ನಂದೂ ಹೆಣ್ಣ ಇತ್ತು, ಅತ್ತಿ. ನನಗ ಮಾರಿ ಸೈತ ತೋರಸಲಿಲ್ಲ."

ಅಷ್ಟು ದಿನ ಬಾರದ ಅಳು ಈಗ ಬಂತು. ಗಿರಿಜವ್ವ ಅವಳನ್ನು ಎದೆಗೆ ಒತ್ತಿಕೊಂಡಳು.

"ಅಳು, ನನ್ನವ್ವಾ. ನನಗ ಅಳಾಕೂ ಬಿಡಲಿಲ್ಲ ಆವಾಗ." ಸೆರಗಿನಿಂದ ಅವಳ ಕಣ್ಣು ಒರೆಸಿ ಕೇಳಿದಳು: "ಹೆಸರ ಏನ ತಗದಿದ್ದಿ?"

"ಆರೋಹಿ."

"ಆರೋಹಿ," ಎಂದು ಗಿರಿಜವ್ವ ಮೆಲ್ಲಗೆ ಅಂದು ನೋಡಿದಳು. "ಚಂದ ಐತಿ. ನನ್ನ ಕೂಸಿಗೆ ಹೆಸರಽ ಇಲ್ಲ ನೋಡು."

ಧರೆಪ್ಪ ಹಿಂದೆ ಬಂದು ನಿಂತಿದ್ದ. ತಲೆಯ ಟೋಪಿ ಕೈಯಲ್ಲಿತ್ತು.

"ಹೆಣ್ಣಾದ್ರ ಶೇವಂತಾ ಅಂತ ಇಡೂಣು ಅಂತಿದ್ದೆ," ಎಂದ. "ನಿನಗ ಹೇಳಾಕ ಆಗಲೇ ಇಲ್ಲ."

ಗಿರಿಜವ್ವ ತಿರುಗಿ ಗಂಡನನ್ನು ಬಹಳ ಹೊತ್ತು ನೋಡಿದಳು. ಆಮೇಲೆ ಪಕ್ಕದ ಕಲ್ಲುಹರಳು ಸರಿಸಿ ಜಾಗ ಮಾಡಿದಳು.

"ಬರ್ರಿ, ಕುಂಡರ್ರಿ."

ಡ್ರೈವರನನ್ನು ಆಚೆ ಬದುವಿಗೆ ಕಳಿಸಿ ಧರೆಪ್ಪ ಬಂದು ಕುಳಿತ.