ಹೊಡೆಯುವ ಪಾಳಿ

ನಾಯಕನ ಎಡಗೆನ್ನೆಯ ಮೇಲೊಂದು ನೊಣ, ಕೂತೇ ಇದೆ, ಏಟು ತನಗೆ ತಾಗುವುದಿಲ್ಲವೆಂದು ಅದಕ್ಕೂ ಗೊತ್ತು — ಸಿನಿಮಾದ ಏಟು ಗಾಳಿಗೆ ಬೀಳುತ್ತದೆ, ಎದುರಿನವನ ಕೈ ಎದ್ದೊಡನೆ ತಿನ್ನುವವನು ಕತ್ತು ತಿರುಗಿಸಬೇಕು, ಸದ್ದು ಆಮೇಲೆ ಸೇರಿಸುತ್ತಾರೆ, ಇದನ್ನು ನಾಯಕನ ಎದುರು ನಿಂತಿರುವ ಅವನಿಗಿಂತ ಚೆನ್ನಾಗಿ ಬಲ್ಲವರು ಯಾರಿದ್ದಾರೆ, ಮೂವತ್ತೊಂದು ವರ್ಷ ಕತ್ತು ತಿರುಗಿಸಿದವನು, ಕಳ್ಳನಾಗಿ, ಕುಡುಕನಾಗಿ, ಖಳನಾಯಕನ ಬಲಗೈಯ ಬಲಗೈಯಾಗಿ, ತಿಂದು ತಿಂದು ಹೆಸರೇ ಸವೆದುಹೋಗಿ ಕೆನ್ನೆ ಎಂದಾಗಿತ್ತು, ಕೆನ್ನೆ ಸಾರ್ ಬಂದ್ರಾ, ಕೆನ್ನೆಗೆ ಪೌಡರ್ ಹಾಕಿ ಎಂದರೆ ಮೇಕಪ್ಪಿನವನು ಯಾರ ಕೆನ್ನೆಗೆ ಎಂದು ತಿರುಗಿ ಕೇಳುತ್ತಾನೆ. ಅಂಥವನಿಗೆ ಇವತ್ತು ಹೊಡೆಯುವ ಪಾಳಿ. ನಾಯಕನ ಅಪ್ಪನ ಪಾತ್ರ, ಮಾಡಬೇಕಿದ್ದ ದೊಡ್ಡ ನಟರಿಗೆ ಸೊಂಟ ಹಿಡಿದುಕೊಂಡಿತಂತೆ, ಪುಣ್ಯಕ್ಕೆ, ಛೆ, ಹಾಗನ್ನಬಾರದು, ಪಾಪ. ಹೆಂಡತಿ ಮೂರು ಮಹಡಿಗೂ ಸುದ್ದಿ ಹಂಚಿದ್ದಾಳೆ, ನಮ್ಮನೆಯವರು ಈ ಸಲ ಹೊಡೀತಾರೆ ಕಣ್ರೀ, ಬೆಳಗ್ಗೆ ದಿಂಬು ಹಿಡಿದು ನಿಂತಳು, ಎಲ್ಲಿ ಹೊಡೀರಿ ನೋಡೋಣ, ಹೊಡೆದ, ದಿಂಬು ಅಲುಗಲಿಲ್ಲ, ಅವನ ಕತ್ತು ತಿರುಗಿತು. ಇಲ್ಲೂ ಮೂರು ಟೇಕಿನಲ್ಲಿ ಮೂರು ಸಲವೂ ತಿರುಗಿದೆ, ಕೈ ಎದ್ದರೆ ಸಾಕು, ಯಾರದಾದರೇನು, ಬಸ್ಸಿನಲ್ಲಿ ಯಾರೋ ಕಂಬಿ ಹಿಡಿಯಲು ಎತ್ತಿದರೂ ತಿರುಗುವ ಹಾಳು ಕತ್ತು — ಸಾರ್, ಹೊಡೆಯೋರು ನೀವು, ತಿನ್ನೋರು ಅವರು ಎಂದರು ನಿರ್ದೇಶಕರು, ಇಡೀ ಸೆಟ್ಟು ನಕ್ಕಿತು, ಅವನೂ ನಕ್ಕ, ಇದೊಂದು ಸಲ ನೋಡ್ತೀನಿ ಎಂದರು ನಿರ್ದೇಶಕರು, ಆಗ್ಲಿಲ್ಲ ಅಂದ್ರೆ ವಕೀಲರ ಪಾತ್ರದೋರ ಕೈಲಿ ಹೊಡೆಸ್ತೀನಿ, ಬೇಜಾರು ಮಾಡ್ಕೋಬೇಡಿ. ಬೇಜಾರಂತೆ, ಯಾವ ಮುಖ ಇಟ್ಟುಕೊಂಡು ಆ ಮೂರು ಮಹಡಿ ಹತ್ತುವುದು.

ಉಂಗುರ ಬೇರೆ ಬಿಗಿ, ಅಪ್ಪನ ಪಾತ್ರವೆಂದು ಮೇಕಪ್ಪಿನವನು ತೊಡಿಸಿದ್ದು, ಕೆಂಪು ಕಲ್ಲು, ತನ್ನ ಸ್ವಂತ ಅಪ್ಪನದೂ ಕೆಂಪು ಕಲ್ಲೇ, ಬೇಡ, ಈಗ ಅಪ್ಪ ಬೇಡ, ನೊಣ ನೋಡು — ಸಿನಿಮಾ ಸೇರೋಕೆ ಹೋಗ್ತೀನಪ್ಪ ಎಂದಿದ್ದ, ಹತ್ತೊಂಬತ್ತು ವಯಸ್ಸು, ಕತ್ತು ತಿರುಗಿಸುವ ವಿದ್ಯೆ ಆಗೆಲ್ಲಿತ್ತು, ಬಿತ್ತು, ಜೀವಮಾನದಲ್ಲಿ ನಿಜವಾಗಿ ತಿಂದದ್ದು ಅದೊಂದೇ, ಕಲ್ಲಿನ ಗುರುತು ಮೂರು ದಿನ ಇತ್ತು, ಕತ್ತು ತಿರುಗಿಸದಿದ್ದುದರಿಂದಲೇ ಕಂಡದ್ದು, ಹೊಡೆದ ಮೇಲೆ ಅಪ್ಪನ ಕೈ ಇಳಿಯಲೇ ಇಲ್ಲ, ಎಲ್ಲಿಡಬೇಕೆಂದು ತಿಳಿಯದೆ ಗಾಳಿಯಲ್ಲೇ ನಡುಗುತ್ತ ನಿಂತಿತ್ತು, ಅವನು ಚೀಲ ಎತ್ತಿಕೊಂಡು ಬಾಗಿಲು ದಾಟುವವರೆಗೂ ನಿಂತೇ ಇತ್ತು, ಎಷ್ಟು ದ್ವೇಷಿಸಿದ್ದ ಆ ಕೈಯನ್ನು — ಸ್ಟಾರ್ಟ್, ಆ್ಯಕ್ಷನ್, ನಾಯಕ ಹೇಳುತ್ತಿದ್ದಾನೆ, ನಾನು ಹೋಗ್ತೀನಪ್ಪ, ಕೈ ಎದ್ದಿತು, ಕತ್ತು, ಕತ್ತು ತಿರುಗಲಿಲ್ಲ, ಏಟು ಗಾಳಿಗೆ ಬಿತ್ತು, ನೊಣ ಹಾರಿತು, ಓಕೆ, ಓಕೆ, ಚಪ್ಪಾಳೆ, ಸೂಪರ್ ಸಾರ್, ಆಯ್ತಲ್ಲ, ಕೈ ಇಳಿಸಿ ಸಾರ್, ಕೆನ್ನೆ ಸಾರ್, ಕೈ — ಕೆಂಪು ಕಲ್ಲು ನಡುಗುತ್ತಿದೆ, ಎಲ್ಲಿಡಬೇಕು ಇದನ್ನು, ಈ ಕೈಯನ್ನು.