ಕೌಸಲ್ಯಾ ಅವರ ಸಿಟ್ಟು

ಕೌಸಲ್ಯಾ ಅವರಿಗೆ ಸಿಟ್ಟು ಬಂದಾಗ ಧ್ವನಿ ಏರುವುದಿಲ್ಲ, ಇಳಿಯುತ್ತದೆ. ಎಷ್ಟು ಇಳಿಯುತ್ತದೆಂದರೆ ಎದುರಿಗಿರುವವರು ಕೇಳಿಸಿಕೊಳ್ಳಲು ಮುಂದಕ್ಕೆ ಬಾಗಬೇಕಾಗುತ್ತದೆ, ಹಾಗೆ ಬಾಗಿದವರ ಕಿವಿಗೆ ಅವರು ಹೇಳಬೇಕಾದುದನ್ನೆಲ್ಲ ಸಾವಕಾಶವಾಗಿ ಹೇಳಿ ಮುಗಿಸುತ್ತಾರೆ. ನಾನು ಇದನ್ನು ಮೊದಲು ಕಂಡದ್ದು ಕಡಲಾಚೆಯ ಈ ದೇಶದಲ್ಲಿ, ಟೋಟೆಮ್ ಲೇಕ್‌ನ ಒಂದು ಕಾಫಿ ಅಂಗಡಿಯಲ್ಲಿ. ಲೋಟದ ಮೇಲೆ ಬರೆಯಲು ಹೆಸರು ಕೇಳಿದ ತರುಣನಿಗೆ ಅವರು ತಮ್ಮ ಹೆಸರು ಹೇಳಿದರು. ಅವನು ನಕ್ಕು, 'ಕೇ' ಎಂದು ಬರೆದರೆ ಸಾಕಲ್ಲ ಎಂದ. ಕೌಸಲ್ಯಾ ಅವನ ಎದೆಯ ಮೇಲಿದ್ದ ಹೆಸರಿನ ಪಟ್ಟಿಯನ್ನು ಓದಿದರು.

"ಕ್ಯಾಮೆರಾನ್. ಸ್ಕಾಟ್ಲೆಂಡಿನ ಗೇಲಿಕ್ ಭಾಷೆಯ ಹೆಸರು. ಡೊಂಕು ಮೂಗು ಎಂದು ಅರ್ಥ. ನಾನು ನಿನ್ನನ್ನು ಕ್ಯಾಮ್ ಎಂದು ಕರೆದರೆ ಮೂಗೂ ಹೋಗಿ ಬರೀ ಡೊಂಕು ಉಳಿಯುತ್ತದೆ. ನಾನು ಹಾಗೆ ಕರೆಯಲಿಲ್ಲ, ನೋಡು."

ಹಿಂದೆ ಸಾಲು ಬೆಳೆಯುತ್ತಿತ್ತು. ಅವನು ಅಕ್ಷರ ಅಕ್ಷರವಾಗಿ ಬರೆದು, ಎರಡು ಸಲ ತಪ್ಪಿ, ಕೊನೆಗೆ ಸರಿಯಾಗಿ ಉಚ್ಚರಿಸುವವರೆಗೂ ಅವರು ಕದಲಲಿಲ್ಲ. ನಾನು ಅವರ ಹಿಂದೆಯೇ ನಿಂತಿದ್ದೆ. ಕನ್ನಡದವರೆಂದು ತಿಳಿದು, "ಚೆನ್ನಾಗಿ ಹೇಳಿದ್ರಿ ಆಂಟಿ" ಎಂದೆ. ಅವರು ನನ್ನ ಕಡೆ ತಿರುಗಿದರು.

"ಆಂಟಿ ಅನ್ನೋದು ಲ್ಯಾಟಿನ್ನಿನಿಂದ ಫ್ರೆಂಚಿಗೆ, ಅಲ್ಲಿಂದ ಇಂಗ್ಲಿಷಿಗೆ ಬಂದಿದ್ದು. ಅಪ್ಪನ ಅಕ್ಕತಂಗಿ ಅಂತ. ನಿಮ್ಮಪ್ಪ ನನಗೆ ಅಣ್ಣನೂ ಅಲ್ಲ, ತಮ್ಮನೂ ಅಲ್ಲ. ಹೆಸರಿದೆ, ಅದರಿಂದ ಕರೀರಿ. ನಿಮ್ಮ ಹೆಸರು?"

"ರಂಜಿನಿ."

"ಆಫೀಸಲ್ಲಿ?"

"ಅಲ್ಲೂ ರಂಜಿನೀನೇ."

"ಹಾಗಾದ್ರೆ ಕೂತ್ಕೊಳ್ಳಿ, ಕಾಫಿ ಕುಡಿಯೋಣ."

ಆ ಪರಿಚಯ ಸ್ನೇಹವಾಯಿತು. ಅವರಿಗೆ ಕಣ್ಣಿನ ತೊಂದರೆಯಿಂದ ಕಾರು ಓಡಿಸುವುದು ನಿಂತ ಮೇಲೆ, ವಾರಕ್ಕೊಮ್ಮೆ ನಾನೇ ಡುವಾಲ್‌ಗೆ ಅವರ ಮನೆಗೆ ಹೋಗಿ, ಅವರನ್ನು ಕರೆತಂದು ಅಂಗಡಿ, ಗ್ರಂಥಾಲಯ, ಬಾಥೆಲ್‌ನ ದೇವಸ್ಥಾನ ಎಂದು ಸುತ್ತಿಸತೊಡಗಿದೆ. ಎದುರುಗಾಳಿಯಿಲ್ಲದ ದಿನವೂ ಎದುರುಗಾಳಿಗೆ ಎದೆಯೊಡ್ಡಿದವರಂತೆ ಅವರು ಮುಂದಕ್ಕೆ ವಾಲಿ ನಡೆಯುತ್ತಿದ್ದರು. ಬೇಸಿಗೆಯ ಕೆಲವು ವಾರಗಳನ್ನು ಬಿಟ್ಟರೆ ವರ್ಷವಿಡೀ ಸೀರೆಯ ಮೇಲೆ ತೀರಿಹೋದ ಗಂಡ ಕೇಶವ ಅವರ ಕಂದುಬಣ್ಣದ ಉಣ್ಣೆಯ ಕೋಟು. ಅದರ ತೋಳುಗಳನ್ನು ಕತ್ತರಿಸಿ ಹೊಲಿಸಬಾರದೇ ಎಂದು ಯಾರಾದರೂ ಕೇಳಿದರೆ, "ನಾನು ಏನನ್ನೂ ಕತ್ತರಿಸೋದಿಲ್ಲ" ಎಂದು ಮಡಿಚಿದ ತೋಳನ್ನು ಇನ್ನೊಂದು ಸುತ್ತು ಮಡಿಚಿಕೊಳ್ಳುತ್ತಿದ್ದರು.

ಎಪ್ಪತ್ತರ ದಶಕದಲ್ಲಿ ಮೈಸೂರಿನಿಂದ ಅವರು ಇಲ್ಲಿಗೆ ಬಂದದ್ದು ಯೂರೋಪಿನ ಹಳೆಯ ಭಾಷೆಗಳನ್ನು ಓದಲು. ವಿಮಾನದ ರೆಕ್ಕೆಗಳ ವಿನ್ಯಾಸದಲ್ಲಿ ಮುಳುಗಿದ್ದ ಕೇಶವ ಅವರನ್ನು ಮದುವೆಯಾದದ್ದು ಇಲ್ಲಿಯೇ. ಕೌಸಲ್ಯಾ ಅವರ ಸಂಶೋಧನೆಯ ವಿಷಯ ವ್ಯಕ್ತಿನಾಮಗಳು. ಆ ಕಾಲದಲ್ಲಿ ಅದು ಸಿಟ್ಟಾಗಿರಲಿಲ್ಲ, ಶುದ್ಧ ಪ್ರೀತಿಯಾಗಿತ್ತು. ಗ್ರೀಕರ ಪೀಟರ್ ನಮ್ಮ ಕಲ್ಲಪ್ಪನೆಂದೂ, ಮಾರ್ಗರೆಟ್ ಮುತ್ತಮ್ಮನೆಂದೂ, ಥಿಯೊಡೋರ್ ದೇವದತ್ತನೆಂದೂ, ರಾಜರು ಹೊತ್ತು ಮೆರೆದ ಜಾರ್ಜ್ ಎಂಬ ಹೆಸರಿನೊಳಗೆ ಮಣ್ಣು ಉಳುವ ಒಬ್ಬ ರೈತ ಕೂತಿದ್ದಾನೆಂದೂ ಹೇಳುವಾಗ ಅವರ ಮುಖ ಎಳೆಯದಾಗುತ್ತಿತ್ತು. ಭೂಮಿಯ ಆ ತುದಿಯಲ್ಲೂ ತಾಯಂದಿರು ಕೂಸಿನ ಕಿವಿಯಲ್ಲಿ ಇದನ್ನೇ ಉಸುರಿದ್ದರು ಎಂಬುದು ಅವರಿಗೆ ಇಂದಿಗೂ ಸವೆಯದ ಸೋಜಿಗ.

ಸಿಟ್ಟು ಹುಟ್ಟಿದ್ದು ಅವರು ಪಾಠ ಹೇಳಲು ಸೇರಿದ ಕಾಲೇಜಿನಲ್ಲಿ. ವಿಭಾಗದ ಮುಖ್ಯಸ್ಥನಿಗೆ ನಾಲ್ಕು ಪ್ರಾಚೀನ ಭಾಷೆಗಳು ಬರುತ್ತಿದ್ದವು. ಕೌಸಲ್ಯಾ ಎನ್ನಲು ಮಾತ್ರ ಬರಲಿಲ್ಲ. ಕೋಣೆಯ ಬಾಗಿಲಿಗೆ ಅವನು 'ಕೇ' ಎಂಬ ಫಲಕ ಹಾಕಿಸಿದ. ಇವರು ಸ್ಕ್ರೂಡ್ರೈವರ್ ತಂದು ಅದನ್ನು ಬಿಚ್ಚಿ ಅವನ ಮೇಜಿನ ಮೇಲಿಟ್ಟು, ಈ ಹೆಂಗಸು ನನ್ನ ಕೋಣೆಯಲ್ಲಿಲ್ಲ, ಸಿಕ್ಕರೆ ಕೊಟ್ಟುಬಿಡಿ ಎಂದರು. ಹೊಸ ಫಲಕ ಬಂತು, ಪೂರ್ತಿ ಹೆಸರಿನದು. ಹುದ್ದೆ ಮಾತ್ರ ಖಾಯಂ ಆಗಲಿಲ್ಲ. ಮಾತು ಬಲ್ಲವರು ಮಾಡುವ ಅವಮಾನಕ್ಕೆ ಅಜ್ಞಾನದ ನೆಪವೂ ಇರುವುದಿಲ್ಲ ಎಂದು ಅಂದೇ ಕಲಿತೆನೆಂದು ಅವರು ಹೇಳುತ್ತಿದ್ದರು. ಅಲ್ಲಿಂದಾಚೆಗೆ ಬ್ಯಾಂಕು, ಆಸ್ಪತ್ರೆ, ಮಗನ ಶಾಲೆ, ಎಲ್ಲೆಲ್ಲಿ ಯಾರು ಅವರ ಹೆಸರನ್ನು ಮುರಿದರೂ ಅವರು ನಿಂತಲ್ಲೇ ನಿಂತು ಅದನ್ನು ಜೋಡಿಸಿಕೊಂಡೇ ಮುಂದೆ ಹೋದರು. ನಮ್ಮವರನ್ನೂ ಬಿಡಲಿಲ್ಲ. ದೇವಸ್ಥಾನದಲ್ಲಿ ಮಗುವಿನ ನಾಮಕರಣ ಮಾಡಿಸಲು ಬಂದಿದ್ದ ಒಬ್ಬ ತಂದೆ, "ಎರಡೂ ಕಡೆ ನಡೆಯೋ ಹಾಗೆ ಶಾರ್ಟ್ ಆಗಿ ಒಂದು ಹೇಳಿ ಮೇಡಂ" ಎಂದಾಗ, "ನಡೆಯೋದು ಚಪ್ಪಲಿ, ಹೆಸರಲ್ಲ" ಎಂದು ಪ್ರಸಾದಕ್ಕೂ ಕಾಯದೆ ಹೊರಗೆ ಬಂದುಬಿಟ್ಟರು.

ಅವರ ಒಬ್ಬನೇ ಮಗ ಉದಯ್. ಮನೆ ಮಾರಿಸುವ ಏಜೆಂಟ್. ಕರ್ಕ್‌ಲ್ಯಾಂಡಿನಲ್ಲಿ ಒಬ್ಬನೇ ಇದ್ದ. ತಿಂಗಳಿಗೊಮ್ಮೆ ತಾಯಿಯನ್ನು ನೋಡಲು ಬರುತ್ತಿದ್ದ, ಕೆಲಸದ ಮಾತು ಎತ್ತುತ್ತಿರಲಿಲ್ಲ. ಒಂದು ಶನಿವಾರ ನಾವು ಟೋಟೆಮ್ ಲೇಕ್‌ನಲ್ಲಿ ಸಿಗ್ನಲ್ಲಿಗೆ ನಿಂತಿದ್ದಾಗ ಕೌಸಲ್ಯಾ ಕಿಟಕಿಯ ಗಾಜು ಇಳಿಸಿದರು. ರಸ್ತೆಯ ಅಂಚಿನಲ್ಲಿ ಮಾರಾಟಕ್ಕಿರುವ ಮನೆಯ ಫಲಕ. ಅದರಲ್ಲಿ ನಗುತ್ತಿದ್ದ ಉದಯ್‌ನ ಮುಖ. ಮುಖದ ಕೆಳಗೆ ದಪ್ಪ ಅಕ್ಷರಗಳಲ್ಲಿ 'ಎರಿಕ್ ಕೇ'.

"ರಂಜಿನಿ, ನನ್ನ ಕಣ್ಣು ಸರಿಯಿಲ್ಲ. ಓದಿ ಹೇಳಿ."

ಓದಿದೆ. ಸಿಗ್ನಲ್ಲು ಹಸಿರಾಯಿತು, ಹಿಂದಿನವರು ಹಾರನ್ ಒತ್ತಿದರು. ಪಕ್ಕದ ಮಳಿಗೆಯ ಆವರಣದಲ್ಲಿ ಕಾರು ನಿಲ್ಲಿಸಿದೆ. ಅವರು ಮಗನಿಗೆ ಫೋನು ಮಾಡಿ, ನಾನೂ ಕೇಳಬೇಕೆಂಬಂತೆ ಅದನ್ನು ಸ್ಪೀಕರಿಗೆ ಹಾಕಿದರು. ಬೋರ್ಡಿನ ಮೇಲೆ ಮಾತ್ರವೋ, ಕೋರ್ಟಿನಲ್ಲೂ ಬದಲಾಯಿಸಿದೆಯೋ ಎಂದು ಕೇಳಿದರು. ಕೋರ್ಟಿನಲ್ಲೂ ಎಂದು ಅವನು ಇಂಗ್ಲಿಷಿನಲ್ಲಿ ಹೇಳಿದ. ವ್ಯಾಪಾರಕ್ಕೆ ಬೇಕಾಯಿತು, ನೀನು ಉದಯ್ ಅಂತಲೇ ಕರಿ, ನಿನಗೇನೂ ಬದಲಾಗಿಲ್ಲ ಎಂದ.

ಕೌಸಲ್ಯಾ ಅವರ ಧ್ವನಿ ಇಳಿಯಿತು. "ಎರಿಕ್ ಅನ್ನೋದು ನಾರ್ಸ್ ಭಾಷೆಯ ಹೆಸರು. ಸರಿಯಾಗಿ ಹೇಳಬೇಕಾದ್ರೆ ಎಯ್‌ರಿಕ್. ಒಬ್ಬನೇ ಆಳುವವನು ಅಂತ ಕೆಲವರು, ಸದಾ ಆಳುವವನು ಅಂತ ಕೆಲವರು. ಒಳ್ಳೆ ಹೆಸರು. ಅದರ ಮೇಲೆ ನನಗೆ ಸಿಟ್ಟಿಲ್ಲ. ನಿಮ್ಮಪ್ಪನ ಹೆಸರನ್ನ ಕೊಯ್ದು ಕೇ ಮಾಡಿದ್ದೀಯಲ್ಲ, ಅದನ್ನ ನಾನು ಒಂದ್ಸಲ ಬಾಗಿಲಿಂದ ಕಿತ್ತಿದ್ದೆ. ಇರಲಿ. ಇವತ್ತಿಂದ ನಿನ್ನ ಎಯ್‌ರಿಕ್ ಅಂತಲೇ ಕರೀತೀನಿ."

"ಅಮ್ಮ, ಪ್ಲೀಸ್. ನೀನು ಉದಯ್ ಅನ್ನು."

"ನೀನು ಬಿಸಾಕಿದ್ದನ್ನ ನಾನ್ಯಾಕೆ ಹೊತ್ಕೊಂಡು ತಿರುಗ್ಲಿ?"

ಅವರು ಬೆದರಿಸಲು ಆಡಿದ ಮಾತಲ್ಲ ಅದು. ಮುಂದೆ ಅವನು ಬಂದಾಗಲೆಲ್ಲ, "ಬಾ ಎಯ್‌ರಿಕ್, ಊಟ ಮಾಡು ಎಯ್‌ರಿಕ್" ಎಂದು ಶುದ್ಧ ಉಚ್ಚಾರದಲ್ಲಿ ಉಪಚರಿಸಿದರು. ಬೈಗುಳವನ್ನಾದರೂ ಸಹಿಸಬಹುದಿತ್ತು, ಆ ಮರ್ಯಾದೆಯನ್ನು ಆ ಮನುಷ್ಯ ತಟ್ಟೆಯಿಂದ ತಲೆಯೆತ್ತದೆ ನುಂಗುವುದನ್ನು ನಾನು ಕಂಡಿದ್ದೇನೆ.

ಡುವಾಲ್‌ನಲ್ಲಿ ಅವರ ಪಕ್ಕದ ಮನೆಯವನು ನಾರ್ವೆಯ ಮುದುಕ, ಹಿಂದೆ ಅಲಾಸ್ಕಾದ ಮೀನುದೋಣಿಗಳಲ್ಲಿ ದುಡಿದವನು. ಹೆಸರು ಟೋರ್‌ಬ್ಯೋರ್ನ್, ಗುಡುಗಿನ ದೇವರ ಹೆಸರಿಗೆ ಕರಡಿಯ ಹೆಸರು ಸೇರಿಸಿ ಇಟ್ಟದ್ದು. ದೋಣಿಯ ಯಜಮಾನ ನಾಲಿಗೆ ಹೊರಳದೆ ಮೊದಲ ದಿನವೇ ಅವನನ್ನು ಟಾಮ್ ಮಾಡಿದ್ದ. ಟಾಮ್ ಎಂದರೆ ಥಾಮಸ್, ಅಂದರೆ ಅರಾಮಿಕ್ ಭಾಷೆಯಲ್ಲಿ ಅವಳಿ. ಒಂಟಿಯಾಗಿ ಹುಟ್ಟಿದವನಿಗೆ ಅವಳಿಯೆಂಬ ಹೆಸರು ಹಚ್ಚಿದ ಆ ಯಜಮಾನನನ್ನು ಕೌಸಲ್ಯಾ ಕಾಣದೆಯೇ ದ್ವೇಷಿಸಿದರು. ಬೇಲಿಯಾಚೆಯಿಂದ ದಿನವೂ ಅವನ ಪೂರ್ತಿ ಹೆಸರು ಕೂಗುವವರು ಅವರೊಬ್ಬರೇ. ಮುದುಕ ಪ್ರತಿ ಸಲವೂ ಟೋಪಿ ತೆಗೆಯುತ್ತಿದ್ದ.

ಕಳೆದ ಚಳಿಗಾಲದಲ್ಲಿ ಅವನು ತೀರಿಕೊಂಡ. ಚರ್ಚಿಗೆ ನಾನೂ ಹೋಗಿದ್ದೆ; ಬಾಲ್ಯದಲ್ಲಿ ಮುದುಕನಿಂದ ಗಾಳ ಹಾಕುವುದನ್ನು ಕಲಿತಿದ್ದ ಉದಯ್ ಕೂಡ ಬಂದು ತಾಯಿಯ ಪಕ್ಕದಲ್ಲಿ ಕುಳಿತ. ಪಾದ್ರಿ ಸಜ್ಜನನೇ; 'ನಮ್ಮ ಟಾಮ್, ಪ್ರೀತಿಯ ಟಾಮ್' ಎಂದು ಮೆದುವಾಗಿ ಮಾತಾಡುತ್ತಿದ್ದ. ಕೌಸಲ್ಯಾ ಎದ್ದು ನಿಂತರು. ಗಂಡನ ಕೋಟಿನೊಳಗೆ ಆ ಸಣ್ಣ ದೇಹ ಸೆಟೆದಿತ್ತು.

"ಅವರ ಹೆಸರು ಟೋರ್‌ಬ್ಯೋರ್ನ್. ಹೂಳುವಾಗಲಾದರೂ ಪೂರ್ತಿ ಮನುಷ್ಯನನ್ನು ಹೂಳಿ."

ಪಾದ್ರಿಯ ಮುಖ ಕೆಂಪಾಯಿತು. ಆಮೇಲೆ ಮುಂದಿನ ಸಾಲಿನಲ್ಲಿದ್ದ ಮುದುಕನ ತಂಗಿ, ಕೋಲೂರಿ ನಿಂತು, ನಾರ್ವೆಯ ಉಚ್ಚಾರದಲ್ಲಿ ಆ ಹೆಸರನ್ನು ಹೇಳಿದಳು. ಪಾದ್ರಿ ಅವಳಿಂದ ಕೇಳಿ ಕಲಿತು, ಉಳಿದ ಪ್ರಾರ್ಥನೆಯನ್ನು ಅದೇ ಹೆಸರಿನಲ್ಲಿ ನಡೆಸಿದ.

ಹೊರಗೆ ಕಾರಿನ ಬಳಿ ಉದಯ್ ತಾಯಿಯನ್ನು ತಡೆದ. "ಅವರಿಗೋಸ್ಕರ ಎದ್ದು ನಿಂತೆ. ನನ್ನ ಹೆಸರು ಒಂದ್ಸಲ ಹೇಳೋಕಾಗಲ್ವಾ?"

"ಅವರಿಂದ ಕಿತ್ಕೊಂಡಿದ್ರು. ನೀನಾಗಿ ನೀನೇ ಕೊಟ್ಟೆ."

ಅವನು ಇಂಗ್ಲಿಷಿಗೆ ಹೊರಳಿದ. ಅಷ್ಟು ಸಿಟ್ಟಿನಲ್ಲಿ ಅವನನ್ನು ನಾನು ಕಂಡಿರಲಿಲ್ಲ. ನಾನು ಕೊಡಲಿಲ್ಲ, ನನಗೆ ಸುಸ್ತಾಯಿತು ಎಂದ. ಬ್ಯಾಂಕಿನಲ್ಲಿ, ಅಂಗಡಿಯಲ್ಲಿ, ನನ್ನ ಟೀಚರ ಮುಂದೆ ನೀನು ಹೆಸರಿಗಾಗಿ ನಿಂತೆಯಲ್ಲ, ಪ್ರತಿ ಸಲವೂ ನಿನ್ನ ಸೆರಗು ಹಿಡಿದು ಪಕ್ಕದಲ್ಲಿ ನಾನೂ ನಿಂತಿದ್ದೆ. ಹಿಂದಿನವರು ನಗುವುದು ನಿನಗೆ ಕಾಣುತ್ತಿರಲಿಲ್ಲ, ಅವರ ಕಡೆ ಮುಖವಿದ್ದದ್ದು ನನಗೆ. ಉದಯ್ ಎಂಬ ಸುಲಭದ ಹೆಸರು ಹೇಳಲೂ ಬಾಯಿ ತೆರೆಯುವ ಮೊದಲೇ ಜಗಳಕ್ಕೆ ಸಿದ್ಧನಾಗುತ್ತಿದ್ದೆ. ಒಂದು ದಿನವಾದರೂ ಜಗಳವಿಲ್ಲದೆ ಯಾರಿಗಾದರೂ ನಮಸ್ಕಾರ ಹೇಳಬೇಕೆನಿಸಿತು. ಅಷ್ಟೇ.

ಕೌಸಲ್ಯಾ ಕಾರಿನ ಹಿಡಿಯ ಮೇಲೆ ಕೈಯಿಟ್ಟರು. ಬಳಿಕ, ನಾವಿಬ್ಬರೂ ಬಾಗಿ ಕೇಳಬೇಕಾದ ಧ್ವನಿಯಲ್ಲಿ, "ಹಾಗಾದ್ರೆ ನಿನ್ನಿಂದ ಕಿತ್ಕೊಂಡವರಲ್ಲಿ ನಾನೂ ಒಬ್ಬಳು ಅಂತೀಯ" ಎಂದರು. ಅವನು ಇಲ್ಲವೆನ್ನಲಿಲ್ಲ. ಅವರು ಸಮಾಧಾನ ಹೇಳಲಿಲ್ಲ, ಕ್ಷಮೆ ಕೇಳಲಿಲ್ಲ. ಅವರ ಸಿಟ್ಟಿಗೆ ಈಗ ಎತ್ತ ತಿರುಗಬೇಕೆಂದು ತಿಳಿದಂತೆ ಕಾಣಲಿಲ್ಲ. ಕಾರಿನ ಹಿಡಿಯನ್ನು ಹಿಡಿದುಕೊಂಡೇ, "ನಾಳೆ ಊಟಕ್ಕೆ ಬಾ ಮಗನೇ" ಎಂದರು.

ಅವತ್ತಿನಿಂದ ಅವರು ಎಯ್‌ರಿಕ್ ಎನ್ನುವುದನ್ನು ಬಿಟ್ಟಿದ್ದಾರೆ. ಉದಯ್ ಎನ್ನುವುದಿಲ್ಲ. ಮಗನೇ ಎನ್ನುತ್ತಾರೆ, ಅವನು ಓಗೊಡುತ್ತಾನೆ. ಕಾಫಿ ಅಂಗಡಿಗಳಲ್ಲಿ ಮಾತ್ರ ಮೊದಲಿನಂತೆಯೇ ಸಾಲನ್ನು ನಿಲ್ಲಿಸುತ್ತಾರೆ, ಮತ್ತು ಅವರು ನಿಲ್ಲಿಸಲಿ ಎಂದೇ ನನ್ನ ಆಸೆ.

ಕೌಸಲ್ಯಾ ಅವರಂಥವರ ಸಿಟ್ಟನ್ನು ನಾವು ಚಟವೆಂದೋ ಮುಪ್ಪಿನ ಹಟವೆಂದೋ ನಕ್ಕು ಬಿಡುತ್ತೇವೆ. ಅವರು ಗಳಿಸಿಕೊಟ್ಟ ಮರ್ಯಾದೆಯನ್ನು ಮಾತ್ರ ಸಂಕೋಚವಿಲ್ಲದೆ ಉಡುತ್ತೇವೆ. ಎಲ್ಲರೂ ಸೇರಿ ಅಷ್ಟಷ್ಟು ಸಿಟ್ಟಾಗಿದ್ದರೆ ತೀರಿಹೋಗುತ್ತಿದ್ದ ಕೆಲಸವನ್ನು ಇಂಥವರು ಒಬ್ಬೊಬ್ಬರೇ ಮಾಡಬೇಕಾಗಿ ಬಂದು, ಹೊರಗಿನವರಿಗೆಂದು ಕೂಡಿಟ್ಟ ಬೆಂಕಿಯಲ್ಲಿ ಮೊದಲು ಮನೆಯವರೇ ಬೇಯುತ್ತಾರೆ. ಅದು ಅವರ ತಪ್ಪೆಂದು ಹೇಳುವ ಹಕ್ಕು ಆ ಮಗನಿಗಿದೆ. ಸಾಲಿನಲ್ಲಿ ನಿಂತು ಗಡಿಯಾರ ನೋಡಿಕೊಳ್ಳುತ್ತಿದ್ದ ನಮಗಿಲ್ಲ.