ಮೂರನೆಯ ಕುರ್ಚಿ

ಪ್ರಾಂತ್ಯದ ಹೊಸ ಶಾಸನಸಭಾ ಭವನದ ಉದ್ಘಾಟನೆ. ಯಾರ ಹಿಂದೆ ಯಾರು ನಡೆದು ಬರಬೇಕು, ಯಾರ ಪಕ್ಕ ಯಾರು ಕೂರಬೇಕು ಎಂದು ನೋಡಿಕೊಳ್ಳುವ ಹೊಣೆ ಶಿಷ್ಟಾಚಾರ ಅಧಿಕಾರಿಯಾದ ತಂಗಿಯದು. ಮೊದಲು ಗವರ್ನರ್, ಆಮೇಲೆ ಮುಖ್ಯಮಂತ್ರಿ, ಮೂರನೆಯವರು ಮುಖ್ಯ ನ್ಯಾಯಮೂರ್ತಿ, ನಂತರ ಉಳಿದ ಮಂತ್ರಿಗಳು. ಹಿಂದಿನಿಂದ ನಡೆದು ಬಂದ ಕ್ರಮ. ಈ ಸಲ ಒಂದು ಪೇಚಿತ್ತು. ಈಚೆಗೆ ಮುಖ್ಯ ನ್ಯಾಯಮೂರ್ತಿಯಾದವಳು ಅವಳ ಸ್ವಂತ ಅಕ್ಕ.

ಬೆಳಿಗ್ಗೆಯೇ ಹಣಕಾಸು ಮಂತ್ರಿ ವೇದಿಕೆ ನೋಡಲು ಬಂದರು. ಮೂರನೆಯ ಕುರ್ಚಿಯ ಮೇಲಿನ ಫಲಕ ಕಂಡದ್ದೇ ಮುಖ ಗಂಟಿಕ್ಕಿತು.

"ಏನಮ್ಮ, ಈ ಕಟ್ಟಡ ಎದ್ದು ನಿಂತಿದ್ದು ನನ್ನಿಂದ. ನಿಮ್ಮಕ್ಕ ನನಗಿಂತ ಮುಂದಾ? ಇದೇನು ನಿಮ್ಮನೆ ಸಮಾರಂಭನಾ?"

ಸುತ್ತ ನಿಂತವರು ಕಿಸಕ್ಕನೆ ನಕ್ಕರು. ತಂಗಿಯ ಕಿವಿ ಬಿಸಿಯಾಯಿತು.

"ಹಿಂದಿನ ನ್ಯಾಯಮೂರ್ತಿಗಳೂ ಇಲ್ಲೇ ಕೂರ್ತಿದ್ರು ಸರ್. ನೀವು ಅವರ ಪಕ್ಕದಲ್ಲೇ ಇದ್ರಿ."

"ಆಗಿನ ಮಾತು ಬೇರೆ," ಎಂದು ಅವರು ದುರುದುರು ನೋಡಿ ಹೊರಟುಹೋದರು.

ಸುದ್ದಿ ಕೋರ್ಟಿಗೂ ಮುಟ್ಟಿತು. ಅಕ್ಕನ ಫೋನು ಬಂತು. "ನೋಡೇ, ನನ್ನನ್ನ ಹಿಂದೆಲ್ಲಾದ್ರೂ ಕೂರಿಸಿಬಿಡು. ನನ್ನ ಗಂಟೇನೂ ಹೋಗಲ್ಲ. ನಿನ್ನ ಕೆಲಸಕ್ಕೆ ಕುತ್ತು ಬರೋದು ಬೇಡ."

"ಅಕ್ಕಾ, ಕುರ್ಚಿ ನಿಂದಲ್ಲ, ಕೋರ್ಟಿಂದು. ಬಿಟ್ಟುಕೊಡೋಕೆ ನೀನ್ಯಾರು?"

ಆ ಕಡೆಯಿಂದ ಅಕ್ಕನ ನಗು ಕೇಳಿಸಿತು. "ಚಿಕ್ಕೋಳಿದ್ದಾಗಿಂದ ನೀನು ಹೀಗೇ ಕಣೇ."

ತಂಗಿ ಅಷ್ಟಕ್ಕೇ ಬಿಡಲಿಲ್ಲ. ನೇರ ಮುಖ್ಯ ಕಾರ್ಯದರ್ಶಿಯ ಕೋಣೆಗೆ ಹೋಗಿ ನಡೆದದ್ದನ್ನೆಲ್ಲ ಹೇಳಿದಳು. "ಸರ್, ಅವರು ನನ್ನ ಅಕ್ಕ. ನಾನೇ ತೀರ್ಮಾನ ಮಾಡಿದ್ರೆ ಜನ ಆಡಿಕೊಳ್ತಾರೆ. ನೀವೇ ನೋಡಿ. ನಾನು ತಪ್ಪು ಮಾಡಿದ್ರೆ ಇವತ್ತೇ ನನ್ನ ಜಾಗಕ್ಕೆ ಬೇರೆಯವರನ್ನ ಹಾಕಿ."

ಅವರು ಕನ್ನಡಕ ತೆಗೆದು ಒರೆಸಿಕೊಂಡರು. "ಬದಲಾಯಿಸೋಕೆ ಏನೂ ಇಲ್ಲಮ್ಮ. ಮಂತ್ರಿಗಳ ಹತ್ರ ನಾನು ಮಾತಾಡ್ತೀನಿ. ಹೋಗು, ಬರೋರನ್ನೆಲ್ಲ ನೀನೇ ನಿಂತು ಕೂಗು."

ಸಂಜೆ ಸಭಾಂಗಣ ತುಂಬಿತ್ತು. ಗವರ್ನರ್ ಬಂದರು, ಮುಖ್ಯಮಂತ್ರಿ ಬಂದರು. ತಂಗಿ ಗಂಟಲು ಸರಿಮಾಡಿಕೊಂಡು, ಒಂದಕ್ಷರವೂ ನಡುಗದ ಹಾಗೆ ಕೂಗಿದಳು: "ಮಾನ್ಯ ಮುಖ್ಯ ನ್ಯಾಯಮೂರ್ತಿಗಳು!"

ಸಭೆಗೆ ಸಭೆಯೇ ಎದ್ದು ನಿಂತಿತು. ಕಪ್ಪು ನಿಲುವಂಗಿಯಲ್ಲಿ ಅಕ್ಕ ನಡೆದು ಬಂದಳು. ತಂಗಿ ಎಲ್ಲರಿಗೂ ಬಾಗಿದಷ್ಟೇ ಬಾಗಿದಳು, ಕೂದಲೆಳೆಯಷ್ಟೂ ಹೆಚ್ಚಿಲ್ಲ. ಅಕ್ಕನೂ ಅಧಿಕಾರಿಗೆ ತಲೆಯಾಡಿಸಿದಂತೆ ತಲೆಯಾಡಿಸಿ ಮುಂದೆ ಹೋದಳು. ತುಟಿ ಮಾತ್ರ ಬಿಗಿಹಿಡಿದಿದ್ದಳು, ಎಲ್ಲಿ ನಕ್ಕುಬಿಡುತ್ತೇನೋ ಎಂಬಂತೆ. ಅವಳ ಹಿಂದೆಯೇ ಬಂದ ಹಣಕಾಸು ಮಂತ್ರಿ ಪಕ್ಕದ ನಾಲ್ಕನೆಯ ಕುರ್ಚಿಯಲ್ಲಿ ಕೂತರು.

ಮೇಲೆ ಸಾರ್ವಜನಿಕರ ಗ್ಯಾಲರಿಯ ಕೊನೇ ಸಾಲಿನಲ್ಲಿ, ಬಟ್ಟೆ ಹೊಲಿದೇ ಇಬ್ಬರನ್ನೂ ಓದಿಸಿದ ತಾಯಿ ಕಂಬದ ಪಕ್ಕದಿಂದ ಕತ್ತು ಚಾಚಿ ನೋಡುತ್ತಿದ್ದಳು. ಪಕ್ಕದಾಕೆ ಕೇಳಿದಳು, "ನಿಮ್ಮವರು ಯಾರಾದ್ರೂ ಇದ್ದಾರಾ ಕೆಳಗೆ?"

"ಇದ್ದಾರಮ್ಮ," ಎಂದಳು ತಾಯಿ, ಸೆರಗು ಸರಿಮಾಡಿಕೊಂಡು ನೆಟ್ಟಗೆ ಕೂರುತ್ತ. "ಅಲ್ಲಿ ಕೂತಳಲ್ಲ, ಅವಳು. ಇಲ್ಲಿ ನಿಂತು ಕೂಗ್ತಾ ಇದ್ದಾಳಲ್ಲ, ಅವಳೂನೂ."